ಊರು ಬಿಡದ ಮೆನ್ಜೆಲ್: ರಾಜಿಯೋ, ಹಟವೋ?

ಕೊನೆಯ ಸಾಲಿನವನು

ಕಳೆದ ವಾರ ಮೂರು ರಾತ್ರಿ ಕುಳಿತು ಜೆಕ್ ನಿರ್ದೇಶಕ ಯಿರ್ಝಿ ಮೆನ್ಜೆಲ್‌ನ ಮೂರು ಚಿತ್ರಗಳನ್ನು ನೋಡಿದೆ. ಮೊದಲ ರಾತ್ರಿ ‘ಬಿಗಿ ಕಣ್ಗಾವಲಿನ ರೈಲುಗಳು’ (1966). ಎರಡನೆಯ ರಾತ್ರಿ ‘ದಾರಕ್ಕೆ ಕಟ್ಟಿದ ಬಾನಾಡಿಗಳು’. ಇದು 1969ರಲ್ಲಿ ತಯಾರಾಗಿ, 1990ರವರೆಗೆ ಬೀಗದೊಳಗೆ ಕೊಳೆತ ಚಿತ್ರ. ಅಲ್ಲಿಗೆ ನಿಲ್ಲಿಸಿದ್ದರೆ ಸುಖವಾಗಿ ನಿದ್ದೆ ಮಾಡುತ್ತಿದ್ದೆ. ಮೂರನೆಯ ರಾತ್ರಿ 1974ರ ‘ಬಂಗಾರದ ತಳ ಹುಡುಕುವವರು’ ಹಾಕಿಕೊಂಡೆ. (ಶೀರ್ಷಿಕೆಗಳ ಕನ್ನಡ ನನ್ನದೇ, ತಪ್ಪಿದ್ದರೆ ತಿದ್ದಿ.)

ಸೈನ್ಯದ ಸೇವೆ ಮುಗಿಸಿ ಬಂದ ಹುಡುಗನೊಬ್ಬ ದೊಡ್ಡ ಅಣೆಕಟ್ಟಿನ ಕೆಲಸಕ್ಕೆ ಸೇರುತ್ತಾನೆ. ಲಾರಿ, ಧೂಳು, ಕಾಂಕ್ರೀಟ್, ದುಡಿಮೆಯ ಹಿರಿಮೆ. ಕ್ಯಾಮೆರಾ ಕೆಲಸದಲ್ಲಿ ಕೊರತೆಯಿಲ್ಲ. ಆದರೆ ಇಡೀ ಚಿತ್ರ, ಮೇಲಧಿಕಾರಿಗೆ ಬರೆದುಕೊಟ್ಟ ತಪ್ಪೊಪ್ಪಿಗೆ ಪತ್ರದಂತೆ ಕಂಡಿತು. ಇಪ್ಪತ್ತೆಂಟನೆಯ ವಯಸ್ಸಿನಲ್ಲಿ ಮೊದಲ ಪೂರ್ಣಾವಧಿ ಚಿತ್ರ ತೆಗೆದು, 1968ರ ಏಪ್ರಿಲ್‌ನಲ್ಲಿ ಅದಕ್ಕೆ ಆಸ್ಕರ್ ಪಡೆದ ಮನುಷ್ಯನೇ ಇದನ್ನೂ ತೆಗೆದದ್ದು.

1968ರಲ್ಲಿ ಸೋವಿಯತ್ ಬಣದ ಟ್ಯಾಂಕುಗಳು ದೇಶಕ್ಕೆ ನುಗ್ಗಿದ ಹೊತ್ತಿನಲ್ಲಿ ಅವನ ಜೊತೆಗಾರ ನಿರ್ದೇಶಕ ಮಿಲೋಶ್ ಫೋರ್ಮನ್ ದೇಶ ಬಿಟ್ಟು ಅಮೆರಿಕಕ್ಕೆ ಹೋದ, ಅಲ್ಲಿ ಗೆದ್ದ. ಇವಾನ್ ಪಾಸರ್ ಕೂಡ ಹೋದ. ಮೆನ್ಜೆಲ್ ಊರಲ್ಲೇ ಉಳಿದ, ಬಗ್ಗಿದ. ನಾನು ಅವನನ್ನು ಹೇಗೆ ಅರ್ಥ ಮಾಡಿಕೊಳ್ಳಬೇಕು? ಬಲ್ಲವರು ಹೇಳಿ.

ನಿವೃತ್ತ ಸ್ಟೇಷನ್ ಮಾಸ್ತರ್

ಸ್ವಾಮಿ, ರಾಜಕೀಯದ ಮಾತು ಆಮೇಲೆ ಆಡೋಣ. ಮೊದಲು ರೈಲಿನ ಮಾತು.

ನಾನು ಮೀಟರ್ ಗೇಜ್ ಕಾಲದಲ್ಲಿ ಕೆಲಸಕ್ಕೆ ಸೇರಿದವನು. ದಿನಕ್ಕೆ ನಾಲ್ಕು ಪ್ಯಾಸೆಂಜರ್, ಮಿಕ್ಕದ್ದು ಗೂಡ್ಸ್ ಎನ್ನುವಂಥ ಸ್ಟೇಷನ್ನುಗಳಲ್ಲಿ ಹನ್ನೊಂದು ವರ್ಷ ಕಳೆದಿದ್ದೇನೆ. ಸಣ್ಣ ಸ್ಟೇಷನ್ನಿನ ಬೇಸರವನ್ನು ‘ರೈಲುಗಳು’ ಚಿತ್ರದಲ್ಲಿ ಈ ಮನುಷ್ಯರು ತೋರಿಸಿದ ಹಾಗೆ ಯಾರೂ ತೋರಿಸಿಲ್ಲ. ಒಂದು ರೈಲು ಹೋದ ಮೇಲೆ ಇನ್ನೊಂದು ಬರುವ ತನಕ ಮನುಷ್ಯ ಏನು ಮಾಡುತ್ತಾನೆ? ಆ ಮಾಸ್ತರ್ ಪಾರಿವಾಳ ಸಾಕುತ್ತಾರೆ. ಅವರ ಕೈಕೆಳಗಿನ ಹುಬಿಚ್ಕಾ ಹೆಂಗಸರ ಹಿಂದೆ ಬೀಳುತ್ತಾನೆ. ಹೊಸದಾಗಿ ಸೇರಿದ ಹುಡುಗ ಮಿಲೋಶ್ ಹ್ರಮಾ ಇದನ್ನೆಲ್ಲ ಬಿಟ್ಟ ಕಣ್ಣು ಬಿಟ್ಟಂತೆ ನೋಡುತ್ತಾನೆ.

ಶೀರ್ಷಿಕೆಯ ಅರ್ಥ ಅನೇಕರಿಗೆ ತಿಳಿದಿರಲಿಕ್ಕಿಲ್ಲ. ಎರಡನೆಯ ಮಹಾಯುದ್ಧ ಕಾಲದ ಜರ್ಮನ್ನರ ಆಡಳಿತದಲ್ಲಿ ಮದ್ದುಗುಂಡು, ಸೈನಿಕರನ್ನು ಹೊತ್ತು ಯುದ್ಧಭೂಮಿಗೆ ಹೋಗುವ ಗಾಡಿಗಳಿಗೆ ಮೊದಲ ಹಕ್ಕು. ಅವನ್ನು ಬಿಗಿಯಾಗಿ ಗಮನಿಸುತ್ತ, ತಡೆಯಿಲ್ಲದೆ ದಾಟಿಸಬೇಕು. ಅಂಥ ಗಾಡಿಗಳೇ ಈ ‘ಕಣ್ಗಾವಲಿನ ರೈಲುಗಳು’. ಹುಡುಗನ ಮೇಲೂ ಯಾರದೋ ಕಣ್ಣು ಇದ್ದೇ ಇದೆ ಎನ್ನುವುದು ಇನ್ನೊಂದು ಮಾತು.

ಆ ಮೊಹರಿನ ಪ್ರಸಂಗವಂತೂ! ರಾತ್ರಿ ಪಾಳಿಯಲ್ಲಿ ಹುಬಿಚ್ಕಾ, ಟೆಲಿಗ್ರಾಫ್ ಹುಡುಗಿಯ ತೊಡೆ, ಪೃಷ್ಠಗಳ ಮೇಲೆ ಕಚೇರಿಯ ಮೊಹರುಗಳನ್ನೆಲ್ಲ ಒತ್ತುತ್ತಾನೆ. ವಿಚಾರಣೆಗೆ ಅಧಿಕಾರಿಗಳು ಬರುತ್ತಾರೆ. ಅವರ ಚಿಂತೆ ಹುಡುಗಿಯ ಮಾನದ್ದಲ್ಲ. ಮೊಹರಿನಲ್ಲಿ ಜರ್ಮನ್ ಅಕ್ಷರಗಳಿದ್ದವಲ್ಲ, ಆಳುವವರ ಭಾಷೆಗೆ ಅವಮಾನವಾಯಿತಲ್ಲ! ನಾನು ನಗುತ್ತ ನಗುತ್ತ ಕೆಮ್ಮು ಬಂದು ನೀರು ಕುಡಿಯಬೇಕಾಯಿತು. ಇಲಾಖಾ ವಿಚಾರಣೆ ಎದುರಿಸಿದವರಿಗೆ ಮಾತ್ರ ಆ ನಗೆಯ ಪೂರ್ತಿ ರುಚಿ ಗೊತ್ತು.

ಒಗ್ಗರಣೆ

ಮಾಸ್ತರೇ, ನಿಮ್ಮ ರೈಲು ಚೆನ್ನಾಗಿದೆ, ಆದರೆ ಪ್ರಶ್ನೆ ಪ್ಲಾಟ್‌ಫಾರ್ಮಿನ ಮೇಲೆಯೇ ಉಳಿಯಿತು.

ನನ್ನ ಅಭಿಪ್ರಾಯ ನೇರವಾಗಿದೆ: ಮೆನ್ಜೆಲ್ ಪ್ರತಿಭಾವಂತ, ಆದರೆ ಗಾಳಿ ಬಂದಾಗ ತೂರಿಕೊಂಡವನು. ಪ್ರಾಗ್‌ನ ಫಾಮು ಚಿತ್ರಶಾಲೆಯಲ್ಲಿ ಅವನ ಗುರು ಒಟಾಕರ್ ವಾವ್ರಾ. ಆ ಮಹಾನುಭಾವ ಗಣರಾಜ್ಯದ ಕಾಲದಲ್ಲಿ, ನಾಜಿಗಳ ಆಕ್ರಮಣದ ಕಾಲದಲ್ಲಿ, ಕಮ್ಯುನಿಸ್ಟರ ಕಾಲದಲ್ಲಿ ಎಡೆಬಿಡದೆ ಚಿತ್ರ ತೆಗೆದವನು. ಶಿಷ್ಯ ಗುರುವಿನಿಂದ ಬರೀ ಶಾಟ್ ಜೋಡಿಸುವುದನ್ನಷ್ಟೇ ಕಲಿತನೇ?

ಅದೇ ತರಗತಿಯಲ್ಲಿದ್ದ ಎವಾಲ್ಡ್ ಶೋರ್ಮ್‌ನನ್ನು ನೋಡಿ. ಅವನೂ ದೇಶ ಬಿಡಲಿಲ್ಲ. ಆದರೆ ಬಗ್ಗಲಿಲ್ಲ. ಸುಮಾರು ಎರಡು ದಶಕ ಬೆಳ್ಳಿತೆರೆಯಿಂದ ದೂರವಾಗಿ ರಂಗಭೂಮಿಯಲ್ಲಿ ದುಡಿದು, 1988ರಲ್ಲಿ, ಕಾಲ ಬದಲಾಗುವ ಒಂದು ವರ್ಷ ಮೊದಲು ತೀರಿಕೊಂಡ. ವೇರಾ ಖಿತಿಲೊವಾ ಕೂಡ ಅದೇ ತರಗತಿ. ವರ್ಷಗಟ್ಟಲೆ ಕೆಲಸವಿಲ್ಲದೆ ಕೂತರೂ ಜಗಳ ಬಿಡಲಿಲ್ಲ. ಇವರ ನಡುವೆ ಮೆನ್ಜೆಲ್‌ನ ‘ಮೃದು ಹಾಸ್ಯ’ ನನಗೆ ಸ್ವಲ್ಪ ಹೆಚ್ಚೇ ಸಿಹಿ ಅನ್ನಿಸುತ್ತದೆ. ಅಧಿಕಾರಕ್ಕೆ ಅಂಥ ಹಾಸ್ಯದಿಂದ ಯಾವ ತೊಂದರೆಯೂ ಇಲ್ಲ.

ಕೊನೆಯ ಸಾಲಿನವನು

ಒಗ್ಗರಣೆಯವರೇ, ‘ಬಾನಾಡಿಗಳು’ ನೋಡಿದ್ದೀರಾ? ತೊಂದರೆ ಇಲ್ಲದಿದ್ದರೆ ಅದನ್ನು ಇಪ್ಪತ್ತು ವರ್ಷ ಏಕೆ ಮುಚ್ಚಿಡುತ್ತಿದ್ದರು?

ಒಗ್ಗರಣೆ

ನೋಡಿಲ್ಲ. ಆದರೂ ವಾದ ಮಾಡುತ್ತಿದ್ದೇನೆ, ಹೌದು. ಹೇಳಿ, ಕೇಳುತ್ತೇನೆ.

ಕೊನೆಯ ಸಾಲಿನವನು

ಹೇಳುತ್ತೇನೆ. ಕಥೆ ಬಿಟ್ಟುಕೊಟ್ಟೆ ಎಂದು ಆಮೇಲೆ ಬೈಯಬಾರದು.

1950ರ ದಶಕದ ಆರಂಭ, ಕ್ಲಾಡ್ನೊ ಊರಿನ ಉಕ್ಕಿನ ಕಾರ್ಖಾನೆಯ ಗುಜರಿ ಅಂಗಳ. ‘ಬೂರ್ಜ್ವಾ’ ಹಣೆಪಟ್ಟಿ ಹಚ್ಚಿಸಿಕೊಂಡವರನ್ನೆಲ್ಲ ಇಲ್ಲಿ ದುಡಿಸಿ ‘ತಿದ್ದುವ’ ಏರ್ಪಾಡು. ಒಬ್ಬ ತತ್ವಶಾಸ್ತ್ರದ ಪ್ರಾಧ್ಯಾಪಕ, ಒಬ್ಬ ಸರ್ಕಾರಿ ವಕೀಲ, ಒಬ್ಬ ಸ್ಯಾಕ್ಸೊಫೋನ್ ವಾದಕ, ಒಬ್ಬ ಹಾಲಿನ ವ್ಯಾಪಾರಿ, ಶನಿವಾರ ಕೆಲಸ ಮಾಡುವುದಿಲ್ಲ ಎಂದ ಧರ್ಮನಿಷ್ಠ ಅಡುಗೆಯ ಹುಡುಗ ಪಾವೆಲ್. ಕರಗಿಸಲು ರಾಶಿ ಹಾಕಿರುವುದು ಟೈಪ್‌ರೈಟರುಗಳು, ಶಿಲುಬೆಗಳು. ಯಾವ ಸಂಭಾಷಣೆಯೂ ಬೇಡ, ಆ ಗುಡ್ಡೆ ನೋಡಿದರೆ ಸಾಕು. ಪಕ್ಕದಲ್ಲೇ ದೇಶ ಬಿಟ್ಟು ಓಡಲು ಹೋಗಿ ಸಿಕ್ಕಿಬಿದ್ದ ಹೆಂಗಸರು ಕೈದಿಗಳಾಗಿ ದುಡಿಯುತ್ತಿದ್ದಾರೆ. ಪಾವೆಲ್‌ಗೂ ಅವರಲ್ಲೊಬ್ಬಳಾದ ಯಿತ್ಕಾಗೂ ಪ್ರೀತಿ. ಮದುವೆಯೂ ಆಗುತ್ತದೆ, ಆದರೆ ಮದುಮಗಳು ಜೈಲಿನಲ್ಲಿ. ಅವಳ ಜಾಗದಲ್ಲಿ ಮುದುಕಿಯೊಬ್ಬಳು ನಿಂತು ಶಾಸ್ತ್ರ ಮುಗಿಸುತ್ತಾಳೆ!

ನನ್ನನ್ನು ಹಿಡಿದು ನಿಲ್ಲಿಸಿದ್ದು ಕಾವಲುಗಾರನ ಪಾತ್ರ. ಬೇರೆ ಯಾರಾದರೂ ಅವನನ್ನು ರಾಕ್ಷಸನನ್ನಾಗಿ ಮಾಡುತ್ತಿದ್ದರು. ಇಲ್ಲಿ ಅವನು ರೋಮಾ ಜನಾಂಗದ ಹುಡುಗಿಯೊಬ್ಬಳನ್ನು ಮದುವೆಯಾಗಿ, ಹೊಸ ಮನೆಯಲ್ಲಿ ಅವಳನ್ನು ಒಲಿಸಿಕೊಳ್ಳಲಾಗದೆ ಪೇಚಾಡುತ್ತಾನೆ. ಅಂಗಳದ ಬೇಲಿಯ ಒಳಗೂ ಹೊರಗೂ ಒಂದೇ ಹಸಿವು, ಒಂದೇ ನಾಚಿಕೆ.

ನಡುನಡುವೆ ಒಬ್ಬೊಬ್ಬರೇ ಕಾಣೆಯಾಗುತ್ತಾರೆ. ಕಪ್ಪು ಕಾರು ಬರುತ್ತದೆ, ಜನ ಇರುವುದಿಲ್ಲ, ಅಷ್ಟೇ. ಕೊನೆಗೆ ಅಂಗಳಕ್ಕೆ ಬಂದ ದೊಡ್ಡ ಅಧಿಕಾರಿಯನ್ನು ಪಾವೆಲ್ ಕೇಳುತ್ತಾನೆ: ಪ್ರಾಧ್ಯಾಪಕರು ಎಲ್ಲಿ, ಹಾಲಿನವನು ಎಲ್ಲಿ? ಕೇಳಿದ್ದೇ ತಪ್ಪು. ಹೆಂಡತಿ ಬಿಡುಗಡೆಯಾಗುವ ಹೊತ್ತಿಗೆ ಗಂಡ ಗಣಿಯ ಲಿಫ್ಟಿನಲ್ಲಿ ಪಾತಾಳಕ್ಕೆ ಇಳಿಯುತ್ತಿರುತ್ತಾನೆ. ಪಕ್ಕದಲ್ಲಿ ಕಳೆದುಹೋಗಿದ್ದ ಅದೇ ಇಬ್ಬರು.

ಈಗ ಇಸವಿ ಗಮನಿಸಿ. 1968ರ ಆಗಸ್ಟ್ 20ರ ರಾತ್ರಿ ವಾರ್ಸಾ ಒಪ್ಪಂದದ ಟ್ಯಾಂಕುಗಳು ದೇಶದೊಳಗೆ ನುಗ್ಗಿದವು. ಈ ಚಿತ್ರ ತಯಾರಾದದ್ದು ಆಮೇಲೆ, 1969ರಲ್ಲಿ. ಎಲ್ಲರೂ ಗಂಟುಮೂಟೆ ಕಟ್ಟುತ್ತಿದ್ದಾಗ ಈತ ಗುಜರಿ ಅಂಗಳದಲ್ಲಿ ಕ್ಯಾಮೆರಾ ಇಟ್ಟಿದ್ದ. ಇದನ್ನು ಮಾಡಿದವನೇ ಐದು ವರ್ಷದ ನಂತರ ಆ ಅಣೆಕಟ್ಟಿನ ಚಿತ್ರ ಮಾಡಿದ ಎನ್ನುವುದೇ ನನ್ನ ತಲೆನೋವು.

ಕಥೆ ಮೇಷ್ಟ್ರು

ಮೆನ್ಜೆಲ್‌ನನ್ನು ಒಬ್ಬಂಟಿಯಾಗಿ ಕಟಕಟೆಯಲ್ಲಿ ನಿಲ್ಲಿಸಬೇಡಿ. ಪಕ್ಕದಲ್ಲಿ ಲೇಖಕ ಬೊಹುಮಿಲ್ ಹ್ರಬಲ್‌ನನ್ನೂ ನಿಲ್ಲಿಸಿ.

ಹ್ರಬಲ್‌ನ ಬರಹದಿಂದ ಮೆನ್ಜೆಲ್ ಐದು ಪೂರ್ಣಾವಧಿ ಚಿತ್ರ ಮಾಡಿದ. ಅದಕ್ಕೂ ಮೊದಲು ‘ಬಾಲ್ತಜಾರ್ ಮಹಾಶಯನ ಸಾವು’ ಎಂಬ ಕಿರುಚಿತ್ರ. ಹೊಸ ಅಲೆಯ (1960ರ ದಶಕದಲ್ಲಿ ಜೆಕ್ ಸಿನಿಮಾದಲ್ಲಿ ಎದ್ದ ಯುವ ನಿರ್ದೇಶಕರ ಅಲೆ) ಐವರು ನಿರ್ದೇಶಕರು ಹ್ರಬಲ್‌ನ ಒಂದೊಂದು ಕಥೆ ಹಂಚಿಕೊಂಡು ಮಾಡಿದ ಸಂಕಲನದಲ್ಲಿ ಅದಿದೆ. ಹ್ರಬಲ್ ಯುದ್ಧದ ಕಾಲದಲ್ಲಿ ರೈಲ್ವೆಯಲ್ಲಿ ಗಾಡಿ ಬಿಡುವ ಕೆಲಸ ಮಾಡಿದವನು, ಆಮೇಲೆ ಅದೇ ಕ್ಲಾಡ್ನೊ ಕಾರ್ಖಾನೆಯಲ್ಲಿ ಮೈಮುರಿದವನು, ಪ್ರಾಗ್‌ನಲ್ಲಿ ರದ್ದಿ ಕಾಗದ ಒತ್ತಿ ಕಟ್ಟಿದವನು. ಅವನ ಸ್ಟೇಷನ್ನು, ಅವನ ಗುಜರಿ ಎರಡೂ ಕಂಡುಂಡದ್ದು.

1968ರ ನಂತರ ಹ್ರಬಲ್‌ನ ಪುಸ್ತಕಗಳಿಗೂ ನಿಷೇಧ ಬಂತು. 1975ರಲ್ಲಿ ಅವನು ಸರ್ಕಾರದ ಪರವಾದ ವಾರಪತ್ರಿಕೆಯೊಂದಕ್ಕೆ ಸಂದರ್ಶನ ಕೊಟ್ಟು, ಆಳುವವರಿಗೆ ಬೇಕಾದ ನಾಲ್ಕು ಮಾತು ಆಡಿದ. ಪುಸ್ತಕಗಳು ಮತ್ತೆ ಅಚ್ಚಾದವು, ಕತ್ತರಿ ಹಾಕಿಸಿಕೊಂಡೇ. ಸಿಟ್ಟಾದ ಕೆಲವು ಯುವಕರು ಪ್ರಾಗ್‌ನ ಕಾಂಪಾ ದ್ವೀಪದಲ್ಲಿ ಅವನ ಪುಸ್ತಕಗಳನ್ನು ಸುಟ್ಟರು. ಅದೇ ಹೊತ್ತಿನಲ್ಲಿ ಇವನ ಅಣೆಕಟ್ಟು, ಅವನ ಸಂದರ್ಶನ. ಇಬ್ಬರೂ ಒಂದೇ ಬಾಗಿಲಲ್ಲಿ ತಲೆ ತಗ್ಗಿಸಿ ಒಳಗೆ ಬಂದರು.

ಒಳಗೆ ಬಂದು ಮಾಡಿದ್ದೇನು? 1980ರಲ್ಲಿ ‘ಕೂದಲು ಕತ್ತರಿಸಿದ್ದು’. ಹ್ರಬಲ್‌ನ ತಾಯಿ, ಮಲತಂದೆ, ಬಾಯಿ ಮುಚ್ಚದ ಚಿಕ್ಕಪ್ಪ ಪೆಪಿನ್, ಬಿಯರ್ ತಯಾರಿಸುವ ಕಾರ್ಖಾನೆಯ ಅಂಗಳ, ಹಂದಿ ಕೊಯ್ದ ದಿನದ ಸಂಭ್ರಮ. ಆ ಹೆಂಗಸು ತಿನ್ನುವುದನ್ನು, ಕುಡಿಯುವುದನ್ನು, ಸೈಕಲ್ಲಿನ ಮೇಲೆ ಚಿನ್ನದಂಥ ಕೂದಲು ಹಾರಿಸಿಕೊಂಡು ಹೋಗುವುದನ್ನು ನೋಡಿ. 1970ರ ದಶಕದ ಆ ಬೂದು ಬಣ್ಣದ ದೇಶದಲ್ಲಿ ಬದುಕಿದವರಿಗೆ ಅದು ಹೇಗೆ ಕಂಡಿರಬೇಕು! ‘ಅಧಿಕಾರಕ್ಕೆ ತೊಂದರೆಯಿಲ್ಲ’ ಎಂದು ಒಗ್ಗರಣೆಯವರು ಬರೆದರು. ಇರಬಹುದು. ನೋಡುವವನಿಗೆ ಏನಾಯಿತು ಎಂದೂ ಒಮ್ಮೆ ಕೇಳಿಕೊಳ್ಳಿ.

ಚಿತ್ರಕಥೆಗಾರನಾಗಿ ಮೆನ್ಜೆಲ್‌ನ ಕಸುಬಿನ ಬಗ್ಗೆಯೂ ಒಂದು ಮಾತು. ‘ರೈಲುಗಳು’ ಕಾದಂಬರಿ ಹುಡುಗನ ಬಾಯಲ್ಲೇ ಬರುತ್ತದೆ. ನೆನಪು ಹಿಂದೆ ಮುಂದೆ ಜಿಗಿಯುತ್ತದೆ. ಕೊನೆಯಲ್ಲಿ ಅವನೂ ಒಬ್ಬ ಜರ್ಮನ್ ಸೈನಿಕನೂ ಪರಸ್ಪರ ಗುಂಡು ಹೊಡೆದುಕೊಂಡು ಹಿಮದಲ್ಲಿ ಬಿದ್ದಿರುತ್ತಾರೆ. ಹ್ರಬಲ್‌ನ ಜೊತೆ ಕೂತು ಚಿತ್ರಕಥೆ ಬರೆದ ಮೆನ್ಜೆಲ್ ಅದನ್ನೆಲ್ಲ ನೇರ ದಾರಕ್ಕೆ ಪೋಣಿಸಿದ, ಆ ಸೈನಿಕನ ಭಾಗವನ್ನು ಬಿಟ್ಟ. ಪುಸ್ತಕ ಎದೆಯೊಳಗೆ ಇಳಿಯುತ್ತದೆ, ಚಿತ್ರ ನಗಿಸುತ್ತಲೇ ಕಾಲ ಕೆಳಗಿನ ನೆಲ ಎಳೆಯುತ್ತದೆ. ನನಗೆ ಪುಸ್ತಕವೇ ಒಂದು ಗುಂಜಿ ಹೆಚ್ಚು. ಇದು ಮೇಷ್ಟರ ಪಕ್ಷಪಾತ.

ವ್ಲ್ತಾವಾ ತೀರದವಳು

ಪ್ರಾಗ್‌ನಲ್ಲಿ ಒಂಬತ್ತು ವರ್ಷದಿಂದ ಇದ್ದೇನೆ. ಮೊದಲು ಹೆಸರಿನ ತಕರಾರು. ‘ಯಿರ್ಝಿ’ ಎಂದು ಬರೆದದ್ದು ಸರಿಯೂ ಅಲ್ಲ, ತಪ್ಪೂ ಅಲ್ಲ. ‘ರ’ವನ್ನೂ ‘ಝ’ವನ್ನೂ ಒಂದೇ ಉಸಿರಲ್ಲಿ ನಾಲಗೆ ನಡುಗಿಸಿ ಹೇಳಬೇಕು. ನನ್ನ ಮಗಳು ಹೇಳುತ್ತಾಳೆ, ನಾನು ಹೇಳಿದರೆ ಅವಳು ನಗುತ್ತಾಳೆ.

ಇಲ್ಲಿ ಮೆನ್ಜೆಲ್ ಎಂದರೆ ಜನಕ್ಕೆ ಆಸ್ಕರ್ ನೆನಪಾಗುವುದಿಲ್ಲ. 1985ರ ‘ನನ್ನ ಹಳ್ಳಿ, ಕೇಂದ್ರ ಹಳ್ಳಿ’ ನೆನಪಾಗುತ್ತದೆ. ಅದಕ್ಕೂ ಆಸ್ಕರ್ ನಾಮನಿರ್ದೇಶನ ಸಿಕ್ಕಿತ್ತು. ಟಿವಿಯಲ್ಲಿ ಎಷ್ಟು ಸಲ ಬಂದರೂ ನಮ್ಮ ಕಟ್ಟಡದ ಅಜ್ಜಿ ಮತ್ತೆ ನೋಡುತ್ತಾರೆ, ಸಂಭಾಷಣೆಯನ್ನು ನಟರಿಗಿಂತ ಮೊದಲು ತಾವೇ ಹೇಳುತ್ತಾರೆ. ಶೀರ್ಷಿಕೆಯಲ್ಲೇ ಒಂದು ಚುಚ್ಚು ಇದೆ. ಆಗಿನ ಯೋಜನಾ ಇಲಾಖೆ ಕೆಲವು ಹಳ್ಳಿಗಳನ್ನು ‘ಕೇಂದ್ರ ಗ್ರಾಮ’ ಎಂದು ಗುರುತಿಸಿ ಅಂಗಡಿ, ಶಾಲೆ, ದುಡ್ಡು ಎಲ್ಲ ಅಲ್ಲಿಗೆ ಕೊಡುತ್ತಿತ್ತು. ಊರಿನ ಮೇಲಿನ ಪ್ರೀತಿಯ ಹಾಡಿನಂಥ ಸಾಲಿಗೆ ಈ ಕಚೇರಿಯ ಪದ ಅಂಟಿಸಿದ್ದಾರೆ. ಚಿತ್ರಕಥೆ ಝ್ಡೆನೆಕ್ ಸ್ವೆರಾಕ್‌ನದು.

ಕಥೆ ಇಷ್ಟೇ: ದಪ್ಪ ಹೊಟ್ಟೆಯ ಲಾರಿ ಚಾಲಕ ಪಾವೆಕ್, ಅವನ ಸಹಾಯಕನಾಗಿ ಕಡ್ಡಿಯಂಥ, ಬುದ್ಧಿ ಬೆಳೆಯದ ಓಟಿಕ್. ಬಿಯರ್ ಬಾಟಲಿಯನ್ನು ನೆಲಮಾಳಿಗೆಯ ಎಷ್ಟನೆಯ ಮೆಟ್ಟಿಲ ಮೇಲಿಟ್ಟರೆ ಹದವಾಗಿ ತಣಿಯುತ್ತದೆ ಎನ್ನುವುದನ್ನೂ ಪಾವೆಕ್‌ನೇ ಅವನಿಗೆ ಕಲಿಸಬೇಕು. ಓಟಿಕ್‌ನ ಮನೆಯ ಮೇಲೆ ಪ್ರಾಗ್‌ನ ದೊಡ್ಡ ಅಧಿಕಾರಿಯೊಬ್ಬನ ಕಣ್ಣು ಬೀಳುತ್ತದೆ, ವಾರಾಂತ್ಯ ಕಳೆಯಲು ಬೇಕಂತೆ. ಹುಡುಗನಿಗೆ ನಗರದಲ್ಲಿ ಹೊಸ ಫ್ಲ್ಯಾಟಿನ ಆಸೆ ತೋರಿಸಿ ಸಾಗಿಸುತ್ತಾರೆ. ಬಡವನ ಮನೆಯನ್ನು ‘ನಿನ್ನ ಒಳ್ಳೆಯದಕ್ಕೇ’ ಎಂದು ಹೇಳಿ ಕಿತ್ತುಕೊಳ್ಳುವುದು ಅಪಾಯವಿಲ್ಲದ ಹಾಸ್ಯವೇ, ಒಗ್ಗರಣೆಯವರೇ? ಓಟಿಕ್ ಪಾತ್ರ ಮಾಡಿದ ಯಾನೋಶ್ ಬಾನ್ ಹಂಗೇರಿಯ ನಟ. ಧ್ವನಿ ಬೇರೆಯವರದು. ಅದು ಇಲ್ಲಿಯ ಎಷ್ಟೋ ಜನಕ್ಕೇ ಗೊತ್ತಿಲ್ಲ.

ಒಗ್ಗರಣೆ

ಅಕ್ಕ, ಆ ಚಿತ್ರ ನಾನು ನೋಡಿದ್ದೇನೆ, ನಕ್ಕಿದ್ದೇನೆ. ಆದರೆ ಕೊನೆಯಲ್ಲಿ ಎಲ್ಲ ಸುಖಾಂತ. ಅಧಿಕಾರಿ ಕೆಟ್ಟವನು, ವ್ಯವಸ್ಥೆ ಪರವಾಗಿಲ್ಲ. ಅದೇ ನನ್ನ ತಕರಾರು. ‘ಬಾನಾಡಿಗಳು’ ವಿವರಣೆ ಓದಿದ ಮೇಲೆ ತಕರಾರು ಹೆಚ್ಚಾಯಿತು ಎಂದೇ ಹೇಳಬೇಕು. ಆ ಲಿಫ್ಟನ್ನು ಇಳಿಸಬಲ್ಲವನು ಮುಂದೆ ಮತ್ತೆ ಇಳಿಸಲೇ ಇಲ್ಲ.

ಕಥೆ ಮೇಷ್ಟ್ರು

ಇದು ನ್ಯಾಯವಾದ ಮಾತು. ಒಪ್ಪಿದೆ.

ವ್ಲ್ತಾವಾ ತೀರದವಳು

ಮುಂದೆಯೂ ಇಳಿಸಲು ನೋಡಿದ, ಆದರೆ ಲಿಫ್ಟಿನ ಬೀಗದ ಕೈ ಬೇರೆಯವರ ಹತ್ತಿರ ಇತ್ತು. ಈ ಸಲ ಅದು ಸರ್ಕಾರವಲ್ಲ, ದುಡ್ಡು.

‘ನಾನು ಇಂಗ್ಲೆಂಡಿನ ದೊರೆಗೆ ಬಡಿಸಿದವನು’ ಹ್ರಬಲ್‌ನ ದೊಡ್ಡ ಕಾದಂಬರಿ. ಕಮ್ಯುನಿಸ್ಟರು ಹೋದ ಮೇಲೆ ಅದನ್ನು ಚಿತ್ರ ಮಾಡಬೇಕೆಂದು ಮೆನ್ಜೆಲ್‌ಗೆ ಆಸೆ. ಚಿತ್ರದ ಹಕ್ಕು ಕೈಯಿಂದ ಕೈಗೆ ಹೋಗಿ ವರ್ಷಗಟ್ಟಲೆ ವ್ಯಾಜ್ಯವಾಯಿತು. 1998ರಲ್ಲಿ ಕಾರ್ಲೊವಿ ವಾರಿ ಚಿತ್ರೋತ್ಸವದಲ್ಲಿ, ಜನರೆಲ್ಲ ನೋಡುತ್ತಿದ್ದಂತೆ, ಮೆನ್ಜೆಲ್ ಬೆತ್ತ ಹಿಡಿದು ಹೋಗಿ ಆ ಹಕ್ಕು ಮಾರಿದ ನಿರ್ಮಾಪಕನಿಗೆ ಬಾರಿಸಿಬಿಟ್ಟ! ಇಷ್ಟು ಮೃದು ಚಿತ್ರಗಳ ಮನುಷ್ಯ. ಅಷ್ಟರಲ್ಲಿ ಹ್ರಬಲ್ ತೀರಿಕೊಂಡಿದ್ದ. 1997ರ ಫೆಬ್ರುವರಿಯಲ್ಲಿ ಆಸ್ಪತ್ರೆಯ ಐದನೆಯ ಮಹಡಿಯ ಕಿಟಕಿಯಿಂದ ಬಿದ್ದು. ಪಾರಿವಾಳಗಳಿಗೆ ಕಾಳು ಹಾಕುತ್ತಿದ್ದನಂತೆ.

ಚಿತ್ರ ಕೊನೆಗೂ 2006ರಲ್ಲಿ ಬಂತು. ದೇಶದ ಅತ್ಯುತ್ತಮ ಚಿತ್ರ ಪ್ರಶಸ್ತಿಯೂ ಸಿಕ್ಕಿತು. ಹೋಟೆಲ್ ಮಾಣಿಯಾಗಿ ಶುರುವಾಗಿ ಕೋಟ್ಯಧಿಪತಿಯಾಗುವ ಆಸೆಯ ಪುಟ್ಟ ಮನುಷ್ಯ ನಾಜಿಗಳ ಕಾಲದಲ್ಲಿ ಯಾವುದನ್ನೂ ಗಮನಿಸದೆ ಬಡಿಸುತ್ತಾ ಹೋಗುತ್ತಾನೆ. ದೊರೆಗೆ ಬಡಿಸಿದ್ದು ಅವನ ಹಿರಿಯ ಮಾಣಿ. ಇವನು ಬಡಿಸಿದ್ದು ಇಥಿಯೋಪಿಯಾದ ಚಕ್ರವರ್ತಿಗೆ. ಊಟದ ತಟ್ಟೆಗಳು ಕಣ್ಣಿಗೆ ಹಬ್ಬ. ನನಗೆ ಮಾತ್ರ ಅದು ಅತಿಯಾಗಿ ಉಜ್ಜಿ ಹೊಳಪು ಕೊಟ್ಟ ಬೆಳ್ಳಿ ಲೋಟದಂತೆ ಕಂಡಿತು. ತಡವಾಗಿ ಬಂದ ಅಡುಗೆ.

ಕೊನೆಯ ಸಾಲಿನವನು

ಬಡಿಸುತ್ತಾ ಬಡಿಸುತ್ತಾ ಏನನ್ನೂ ಗಮನಿಸದ ಮನುಷ್ಯ. ಅದು ತನ್ನ ಬಗ್ಗೆಯೇ ಮಾಡಿಕೊಂಡ ಚಿತ್ರವಿರಬಹುದೇ? ಸುಮ್ಮನೆ ಕೇಳುತ್ತಿದ್ದೇನೆ.

ಒಗ್ಗರಣೆ

ಹಾಗಿದ್ದರೆ ನನ್ನ ಅರ್ಧ ಸಿಟ್ಟು ವಾಪಸ್. ಪೂರ್ತಿ ಅಲ್ಲ.

ಕಥೆ ಮೇಷ್ಟ್ರು

ನಟನಾಗಿಯೂ ಅವನನ್ನು ನೋಡಬೇಕು. ‘ರೈಲುಗಳು’ ಚಿತ್ರದಲ್ಲಿ ಹುಡುಗನಿಗೆ ಗಂಭೀರ ಮುಖದಿಂದ ಸಲಹೆ ಕೊಡುವ ಡಾಕ್ಟರ್ ಅವನೇ. 1968ರ ‘ಚಂಚಲ ಬೇಸಿಗೆ’ಯಲ್ಲಿ, ಮೂವರು ನಡುವಯಸ್ಸಿನ ಗಂಡಸರ ಊರಿಗೆ ಸುಂದರಿಯೊಬ್ಬಳನ್ನು ಕರೆದುಕೊಂಡು ಬರುವ ದೊಂಬರಾಟದವನೂ ಅವನೇ. ಮೂಲ ಕಾದಂಬರಿ ವ್ಲಾಡಿಸ್ಲಾವ್ ವಾಂಚುರಾನದು, ನಾಜಿಗಳು 1942ರಲ್ಲಿ ಕೊಂದ ಲೇಖಕ. ಹಗ್ಗದ ಮೇಲೆ ನಡೆಯುವ ಆ ಸಣಕಲು ಮನುಷ್ಯನನ್ನು ನೋಡುವಾಗ ನಿಮ್ಮ ಚರ್ಚೆಯೇ ನೆನಪಾಯಿತು.

ಇನ್ನೊಂದು ರತ್ನವನ್ನು ಯಾರೂ ಹೇಳಲಿಲ್ಲ. 2002ರಲ್ಲಿ ಹಲವು ನಿರ್ದೇಶಕರು ಹತ್ತು ಹತ್ತು ನಿಮಿಷದ ಚಿತ್ರ ಮಾಡಿದ ಸಂಕಲನ ಬಂತು. ಮೆನ್ಜೆಲ್ ಹೊಸದೇನನ್ನೂ ಚಿತ್ರೀಕರಿಸಲಿಲ್ಲ. ತನ್ನ ನೆಚ್ಚಿನ ನಟ ರುಡಾಲ್ಫ್ ಹ್ರುಶಿನ್ಸ್ಕಿಯ ಹಳೆಯ ಚಿತ್ರಗಳ ತುಣುಕುಗಳನ್ನು ಜೋಡಿಸಿದ. ಯುವಕ ಹ್ರುಶಿನ್ಸ್ಕಿ ನೋಡುನೋಡುತ್ತಿದ್ದಂತೆ ದಪ್ಪಗಾಗುತ್ತಾನೆ, ಕೂದಲು ನರೆಯುತ್ತದೆ, ಮುದುಕನಾಗುತ್ತಾನೆ. ಹ್ರುಶಿನ್ಸ್ಕಿ ತೀರಿಕೊಂಡು ಆಗ ಎಂಟು ವರ್ಷವಾಗಿತ್ತು. 1968ರಲ್ಲಿ ಸುಧಾರಣೆಯ ಪರ ಸಹಿ ಹಾಕಿದ್ದಕ್ಕೆ ಆ ನಟನಿಗೂ ವರ್ಷಗಟ್ಟಲೆ ಚಿತ್ರಗಳಿಲ್ಲದೆ ಹೋಗಿತ್ತು. ನಡುವಿನ ಆ ವರ್ಷಗಳ ಮುಖವನ್ನು ಮೆನ್ಜೆಲ್ ಎಲ್ಲಿಂದ ತರಬೇಕು?

ಕೊನೆಯ ಸಾಲಿನವನು

ಮೇಷ್ಟರೇ, ಇದು ಈ ಇಡೀ ಎಳೆಯಲ್ಲಿ ನನಗೆ ಸಿಕ್ಕ ಅತ್ಯುತ್ತಮ ಸಂಗತಿ. ಹುಡುಕುತ್ತೇನೆ.

ಇನ್ನೂ ಆಸಕ್ತಿ ಇರುವವರಿಗೆ ಒಂದು ಎಚ್ಚರಿಕೆ ಮತ್ತು ಒಂದು ಆಮಿಷ: ನಮ್ಮ ದೇಶದವರೇ ಆದ ಶಿವೇಂದ್ರ ಸಿಂಗ್ ಡುಂಗರ್‌ಪುರ್ ಮೆನ್ಜೆಲ್ ಹಾಗೂ ಜೆಕೊಸ್ಲೊವಾಕ್ ಹೊಸ ಅಲೆಯ ಬಗ್ಗೆ 2018ರಲ್ಲಿ ಸಾಕ್ಷ್ಯಚಿತ್ರ ಮುಗಿಸಿದರು. ಉದ್ದ ಏಳು ಗಂಟೆಯ ಮೇಲೆ! ಆಂದ್ರೇ ವೈದಾ, ಕೆನ್ ಲೋಚ್, ವುಡಿ ಆಲನ್ ಎಲ್ಲ ಮಾತಾಡಿದ್ದಾರೆ. ಬಾಳೆಕಾಯಿ ಚಿಪ್ಸ್ ಇಟ್ಟುಕೊಂಡು ಕೂರಬೇಕು. ಅದೇ ವರ್ಷ ಬಂದ ‘ದುಭಾಷಿ’ ಎಂಬ ಸ್ಲೊವಾಕ್ ಚಿತ್ರದಲ್ಲಿ ಮೆನ್ಜೆಲ್ ಮುಖ್ಯ ಪಾತ್ರ ಮಾಡಿದ್ದ. ತಂದೆತಾಯಿಯನ್ನು ಕೊಂದ ನಾಜಿ ಅಧಿಕಾರಿಯನ್ನು ಹುಡುಕಿಕೊಂಡು ಹೋಗಿ ಅವನ ಮಗನನ್ನು ಎದುರಾಗುವ ಮುದುಕ. 2020ರ ಸೆಪ್ಟೆಂಬರ್ 5ರಂದು ತೀರಿಕೊಂಡಾಗ ಅವನಿಗೆ 82 ವರ್ಷ.

ನನ್ನ ಮೊದಲ ಪ್ರಶ್ನೆಗೆ ಉತ್ತರ ಸಿಕ್ಕಿತೇ ಎಂದರೆ, ಇಲ್ಲ. ಅಣೆಕಟ್ಟಿನ ಚಿತ್ರವನ್ನು ಈಗಲೂ ಕ್ಷಮಿಸಿಲ್ಲ. ಆದರೆ ಅದು ಇಲ್ಲದಿದ್ದರೆ ಓಟಿಕ್ ಇರುತ್ತಿರಲಿಲ್ಲ, ಸೈಕಲ್ಲಿನ ಆ ಹೆಂಗಸೂ ಇರುತ್ತಿರಲಿಲ್ಲ ಎಂಬ ಲೆಕ್ಕವೂ ತಲೆಯಿಂದ ಹೋಗುತ್ತಿಲ್ಲ.

ನಿವೃತ್ತ ಸ್ಟೇಷನ್ ಮಾಸ್ತರ್

ನಾನು ಈ ಎರಡು ದಿನದಲ್ಲಿ ‘ರೈಲುಗಳು’ ಮತ್ತೆ ನೋಡಿದೆ. ನೀವು ಯಾರೂ ಟೋಪಿಯ ಮಾತೆತ್ತಲಿಲ್ಲ.

ಚಿತ್ರದ ಮೊದಲಿಗೇ ತಾಯಿ ಮಗನಿಗೆ ರೈಲ್ವೆಯ ಸಮವಸ್ತ್ರ ತೊಡಿಸುತ್ತಾರೆ. ಕೊನೆಗೆ ಟೋಪಿ ಇಡುವಾಗ ಪಟ್ಟಾಭಿಷೇಕವೇ ನಡೆದಂತಿರುತ್ತದೆ. ತಾತ ಜರ್ಮನ್ ಟ್ಯಾಂಕುಗಳನ್ನು ಸಮ್ಮೋಹನ ವಿದ್ಯೆಯಿಂದ ನಿಲ್ಲಿಸಲು ಹೋಗಿ ಅದರಡಿಗೇ ಸಿಕ್ಕಿದವರು. ತಂದೆ ಬೇಗ ಪೆನ್ಷನ್ ಪಡೆದು ಸೋಫಾದ ಮೇಲೆ ಮಲಗಿದವರು. ಮಗನಿಗೂ ಬೇಕಾದದ್ದು ಅದೇ, ಕಷ್ಟಪಡದೆ ಒಂದು ಕಡೆ ನಿಂತಿರುವ ಕೆಲಸ. ಊರು ಬಿಡದೆ ಉಳಿದವರ ಬಗ್ಗೆ ನೀವೆಲ್ಲ ಇಷ್ಟು ಮಾತಾಡಿದಿರಿ. ಮೆನ್ಜೆಲ್ ಅವರು ಮೊದಲ ಚಿತ್ರದಲ್ಲೇ ಅಂಥವನೊಬ್ಬನನ್ನು ಸ್ಟೇಷನ್ನಿನಲ್ಲಿ ನಿಲ್ಲಿಸಿದ್ದರು.

ಕೊನೆಯಲ್ಲಿ ಹುಡುಗ ಸಿಗ್ನಲ್ ಕಂಬ ಹತ್ತಿ, ಕೆಳಗೆ ಹಾದುಹೋಗುವ ಮದ್ದುಗುಂಡಿನ ಗಾಡಿಯ ಮೇಲೆ ಬಾಂಬ್ ಬೀಳಿಸುತ್ತಾನೆ. ಕಾವಲಿನವನ ಗುಂಡು ತಗುಲಿ ತಾನೂ ಅದೇ ಗಾಡಿಯ ಮೇಲೆ ಬೀಳುತ್ತಾನೆ. ಗಾಡಿ ತಿರುವು ದಾಟಿದ ಮೇಲೆ ಸಿಡಿತ. ಹುಬಿಚ್ಕಾ ನಗುತ್ತಾನೆ, ಅವನಿಗೆ ಹುಡುಗನ ಸಂಗತಿ ಇನ್ನೂ ಗೊತ್ತಿಲ್ಲ. ಬಿರುಗಾಳಿ ಬೀಸುತ್ತದೆ, ಅದರ ಜೊತೆ ಟೋಪಿ ಹಾರಿಬಂದು ಕಾಯುತ್ತ ನಿಂತ ಹುಡುಗಿಯ ಹತ್ತಿರ ಬೀಳುತ್ತದೆ.

ಟೋಪಿ ಇಲಾಖೆಯ ಸ್ವತ್ತು. ನಾನು ನಿವೃತ್ತನಾದ ದಿನ ಕೆಂಪು ಬಾವುಟ, ಹಸಿರು ಬಾವುಟ, ಲಾಂದ್ರ, ಬೀಗದ ಕೈಗೊಂಚಲು ಎಲ್ಲವನ್ನೂ ಪಟ್ಟಿಯ ಪ್ರಕಾರ ಒಪ್ಪಿಸಿ ಸಹಿ ಹಾಕಿದೆ. ಟೋಪಿಯನ್ನು ಮಾತ್ರ ಯಾರೂ ಕೇಳಲಿಲ್ಲ. ನಿನ್ನೆ ರಾತ್ರಿ ಬೀರುವಿನಿಂದ ಹೊರಗೆ ತೆಗೆದು ನೋಡಿದೆ. ಒಳಗಿನ ಪಟ್ಟಿಗೆ ಹುಳು ಹಿಡಿದಿದೆ.